ತಲೆಬರಹ ಬರೆದವರು ಯಾರು? – ಐಡಾ ಬಿ. ವೆಲ್ಸ್ ಅವರ ಪುಸ್ತಕದಿಂದ ಒಂದು ಆವೃತ್ತಿ ಪಟ್ಟಿಯ ಪಾಠ

ಒಂಬತ್ತನೇ ತರಗತಿಯ ‘ಸಂಖ್ಯಾಶಾಸ್ತ್ರ’ ಘಟಕವನ್ನು ಬೋಧನಾಭ್ಯಾಸಕ್ಕೆ ಆರಿಸಿಕೊಳ್ಳಲು ಗಣಿತದ ಪ್ರಶಿಕ್ಷಣಾರ್ಥಿಗಳಲ್ಲಿ ಸಣ್ಣ ಪೈಪೋಟಿಯೇ ಇರುತ್ತದೆ. ಕಾರಣ ಗುಟ್ಟೇನಲ್ಲ. ಪ್ರಮೇಯಗಳನ್ನು ಸಾಧಿಸುವ ಕಷ್ಟವಿಲ್ಲ, ಚಾರ್ಟು ಚೆನ್ನಾಗಿ ಕಾಣುತ್ತದೆ, ಮಕ್ಕಳು ಸ್ಕೇಲು ಹಿಡಿದು ಗೆರೆ ಎಳೆಯುತ್ತಾ ಕೂರುತ್ತಾರೆ, ಅವಲೋಕನಕ್ಕೆ ಬಂದವರಿಗೆ ತರಗತಿ ಚಟುವಟಿಕೆಯಿಂದ ತುಂಬಿದಂತೆ ತೋರುತ್ತದೆ. ಉದಾಹರಣೆಗಳೂ ಸಿದ್ಧವಾಗಿವೆ: ರಕ್ತದ ಗುಂಪು, ಎತ್ತರ, ಕಿರುಪರೀಕ್ಷೆಯ ಅಂಕ. ಈ ಪಟ್ಟಿಗಳಿಗೆ ಒಂದು ಸಮಾನ ಗುಣವಿದೆ. ಅವುಗಳ ತಲೆಬರಹದ ಬಗ್ಗೆ ಯಾರೂ ಜಗಳವಾಡುವುದಿಲ್ಲ. ‘ಎತ್ತರ (ಸೆಂ.ಮೀ.)’ ಎಂದು ಬರೆದರೆ ಎತ್ತರ, ಅಷ್ಟೇ. ಆದರೆ ಶಾಲೆ ಬಿಟ್ಟ ಮೇಲೆ ಈ ಮಕ್ಕಳ ಕಣ್ಣಿಗೆ ಬೀಳುವ ಪಟ್ಟಿಗಳು ಅಪರಾಧದವು, ಬಡತನದವು, ಅಪಘಾತದವು. ಅಲ್ಲಿ ಕಂಬಸಾಲಿನ ಮೇಲಿರುವ ಒಂದು ಪದವೇ ಅರ್ಧ ತೀರ್ಪು ಕೊಟ್ಟಿರುತ್ತದೆ. ಅಂಥದೊಂದು ಪಟ್ಟಿಯನ್ನು ತರಗತಿಗೆ ಒಯ್ದರೆ ಘಟಕದ ಕಲಿಕಾಂಶಗಳಿಗೆ ಕೊರತೆಯಾಗದೆ ಈ ಮಾತನ್ನೂ ಕಲಿಸಬಹುದೇ ಎಂಬುದು ನನ್ನ ಪ್ರಶ್ನೆಯಾಗಿತ್ತು. ಎರಡು ಅವಧಿಗಳ ಆ ಪಾಠದ ವಿವರ ಈ ಲೇಖನದಲ್ಲಿದೆ.

ಪಟ್ಟಿ ಸಿಕ್ಕಿದ್ದು ‘ದಿ ರೆಡ್ ರೆಕಾರ್ಡ್’ ಎಂಬ ಪುಸ್ತಕದಲ್ಲಿ. 1895ರಲ್ಲಿ ಷಿಕಾಗೋದಿಂದ ಹೊರಬಂದ, ನೂರು ಪುಟದ ಆಸುಪಾಸಿನ ಪುಸ್ತಕ. ಬರೆದವರು ಐಡಾ ಬಿ. ವೆಲ್ಸ್. ಅಮೆರಿಕದಲ್ಲಿ ಕಪ್ಪು ಜನರನ್ನು ಗುಂಪುಗೂಡಿ, ವಿಚಾರಣೆಯಿಲ್ಲದೆ ಕೊಲ್ಲುತ್ತಿದ್ದುದನ್ನು, ಅಂದರೆ ಲಿಂಚಿಂಗ್ ಎಂದು ಕರೆಯುವ ಕೃತ್ಯವನ್ನು, ವರ್ಷವಾರು ಲೆಕ್ಕವಿಟ್ಟು ತೋರಿಸುವ ಪುಸ್ತಕ ಅದು. ಬಿ.ಇಡಿ.ಯ ‘ಪಠ್ಯಗಳ ಓದು ಮತ್ತು ಪ್ರತಿಕ್ರಿಯೆ’ ಪತ್ರಿಕೆಗಾಗಿ ಕಥೆ, ಕಾದಂಬರಿ ಅಲ್ಲದ ಒಂದು ಕೃತಿಯನ್ನು ಓದಬೇಕಿತ್ತು. ಪದವಿಯಲ್ಲಿ ಭೌತಶಾಸ್ತ್ರ, ಗಣಿತ ಓದಿ ಬಂದ ನನಗೆ ಪ್ರತಿಭಟನೆಯ ಪುಸ್ತಕವೆಂದರೆ ಭಾಷಣದ ಧಾಟಿಯದು ಎಂಬ ಅಂದಾಜಿತ್ತು. ಕೆಲವು ಪುಟ ದಾಟುವಷ್ಟರಲ್ಲಿ ಪಟ್ಟಿಗಳು, ಮೊತ್ತಗಳು ಎದುರಾದವು. ಹಕ್ಕುಸ್ವಾಮ್ಯ ಮುಗಿದಿರುವುದರಿಂದ ಪ್ರಾಜೆಕ್ಟ್ ಗುಟೆನ್‌ಬರ್ಗ್ ಜಾಲತಾಣದಲ್ಲಿ ಪುಸ್ತಕ ಉಚಿತವಾಗಿ ಸಿಗುತ್ತದೆ. ಇಂಗ್ಲಿಷ್ ಹಳೆಯ ಕಾಲದ್ದಾದರೂ ನಿಘಂಟು ಪಕ್ಕದಲ್ಲಿದ್ದರೆ ಓದಬಹುದು.

ಶಿಕ್ಷಕಿಯೊಬ್ಬರ ಲೆಕ್ಕ

ವೆಲ್ಸ್ ಹುಟ್ಟಿದ್ದು 1862ರಲ್ಲಿ, ಮಿಸಿಸಿಪ್ಪಿ ರಾಜ್ಯದಲ್ಲಿ, ಗುಲಾಮ ತಂದೆತಾಯಿಗಳಿಗೆ. 1878ರ ಹಳದಿ ಜ್ವರಕ್ಕೆ ತಂದೆತಾಯಿ ಇಬ್ಬರೂ ತೀರಿಕೊಂಡಾಗ ಅವರಿಗೆ ಹದಿನಾರು ವರ್ಷ. ಒಡಹುಟ್ಟಿದವರನ್ನು ಸಾಕಲು ಅವರು ಶಿಕ್ಷಕಿಯಾದರು. ಮುಂದೆ ಟೆನೆಸಿ ರಾಜ್ಯದ ಮೆಂಫಿಸ್ ನಗರದಲ್ಲಿ ಪಾಠ ಮಾಡುತ್ತಲೇ ‘ಫ್ರೀ ಸ್ಪೀಚ್’ ಎಂಬ ಪತ್ರಿಕೆಯ ಪಾಲುದಾರರಾದರು. ಕಪ್ಪು ಮಕ್ಕಳಿಗೆಂದು ಪ್ರತ್ಯೇಕವಾಗಿಟ್ಟಿದ್ದ ಶಾಲೆಗಳ ದುಸ್ಥಿತಿಯನ್ನು ಅದೇ ಪತ್ರಿಕೆಯಲ್ಲಿ ಬರೆದದ್ದಕ್ಕೆ 1891ರಲ್ಲಿ ಕೆಲಸ ಕಳೆದುಕೊಂಡರು. ನಮ್ಮ ವೃತ್ತಿಯವರು ಈ ಪುಸ್ತಕವನ್ನು ಓದಲು ಇದೊಂದೇ ಸಂಗತಿ ಸಾಕು ಎಂದು ನನಗನಿಸುತ್ತದೆ.

ಮರುವರ್ಷ, 1892ರ ಮಾರ್ಚ್ 9ರಂದು, ಮೆಂಫಿಸ್‌ನಲ್ಲಿ ಮೂವರು ಕಪ್ಪು ಯುವಕರನ್ನು ಜೈಲಿನಿಂದ ಎಳೆದೊಯ್ದು ಗುಂಡಿಟ್ಟು ಕೊಂದರು. ಅವರಲ್ಲೊಬ್ಬರಾದ ಥಾಮಸ್ ಮಾಸ್ ಅಂಚೆ ಹಂಚುವವರು, ವೆಲ್ಸ್ ಅವರ ಆಪ್ತ ಸ್ನೇಹಿತ. ಅವರು ಜೊತೆಗಾರರೊಂದಿಗೆ ಒಂದು ಕಿರಾಣಿ ಅಂಗಡಿ ತೆರೆದಿದ್ದರು. ಆ ಬಡಾವಣೆಯಲ್ಲಿ ಅಲ್ಲಿಯವರೆಗೆ ಒಬ್ಬ ಬಿಳಿಯ ವ್ಯಾಪಾರಿಯದೇ ಏಕಸ್ವಾಮ್ಯವಿತ್ತು. ಜಗಳದ ಮೂಲ ಅಲ್ಲಿತ್ತು.

ಇಲ್ಲಿಂದ ಮುಂದಿನದು ಗಣಿತ ಶಿಕ್ಷಕರಿಗೆ ಆಸಕ್ತಿಯ ಭಾಗ. ಲಿಂಚಿಂಗ್ ನಡೆಯುವುದು ಬಿಳಿಯ ಹೆಂಗಸರ ಮೇಲಾದ ಅತ್ಯಾಚಾರಕ್ಕೆ ಜನ ರೊಚ್ಚಿಗೇಳುವುದರಿಂದ ಎಂಬುದು ಆಗ ಪತ್ರಿಕೆಗಳಲ್ಲಿ, ಪ್ರವಚನಗಳಲ್ಲಿ, ರಾಜಕಾರಣಿಗಳ ಬಾಯಲ್ಲಿ ಚಾಲ್ತಿಯಲ್ಲಿದ್ದ ವಿವರಣೆ. ತಾನೂ ಅದನ್ನು ನಂಬಿದ್ದಾಗಿ ವೆಲ್ಸ್ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ. ಮಾಸ್ ಅವರ ಮೇಲೆ ಅಂಥ ಆರೋಪದ ನೆರಳೂ ಇರಲಿಲ್ಲ. ನಮ್ಮ ಭಾಷೆಯಲ್ಲಿ ಹೇಳುವುದಾದರೆ ಅವರಿಗೆ ಒಂದು ಪ್ರತ್ಯುದಾಹರಣೆ ಸಿಕ್ಕಿತು. ‘ಎಲ್ಲಾ ಅವಿಭಾಜ್ಯ ಸಂಖ್ಯೆಗಳೂ ಬೆಸ’ ಎಂಬ ಹೇಳಿಕೆಯನ್ನು ಬೀಳಿಸಲು 2 ಒಂದೇ ಸಾಕು. ಆದರೆ ಸಮಾಜದಲ್ಲಿ ಯಾರೂ ‘ಎಲ್ಲಾ’ ಎಂದು ಹೇಳಿ ಸಿಕ್ಕಿಬೀಳುವುದಿಲ್ಲ. ‘ಹೆಚ್ಚಿನವು’, ‘ಸಾಮಾನ್ಯವಾಗಿ’ ಎನ್ನುತ್ತಾರೆ. ಹಾಗೆಂದವರ ಎದುರು ಒಂದು ಉದಾಹರಣೆ ಇಟ್ಟರೆ ‘ಅದೊಂದು ಅಪವಾದ’ ಎಂದು ಸಲೀಸಾಗಿ ಪಕ್ಕಕ್ಕೆ ಸರಿಸಬಹುದು. ‘ಹೆಚ್ಚಿನವು’ ಎಂಬ ಮಾತನ್ನು ಪರೀಕ್ಷಿಸಲು ಎಣಿಸಲೇಬೇಕು. ಆವೃತ್ತಿ ಪಟ್ಟಿ ಯಾಕೆ ಬೇಕು ಎಂಬ ಪ್ರಶ್ನೆಗೆ ಇದಕ್ಕಿಂತ ನೇರವಾದ ಉತ್ತರ ನನಗೆ ಯಾವ ಬೋಧನಾ ಕೈಪಿಡಿಯಲ್ಲೂ ಸಿಕ್ಕಿರಲಿಲ್ಲ.

ವೆಲ್ಸ್ ಎಣಿಸಲು ಹೊರಟರು. ಅದೇ ವರ್ಷದ ಮೇ ತಿಂಗಳಲ್ಲಿ, ಅವರು ಊರಲ್ಲಿಲ್ಲದಾಗ, ಪತ್ರಿಕಾ ಕಚೇರಿಯನ್ನು ಗುಂಪೊಂದು ಧ್ವಂಸ ಮಾಡಿತು. ಮರಳಿದರೆ ಜೀವ ಉಳಿಯದು ಎಂಬ ಬೆದರಿಕೆಯಿತ್ತು. ಮೆಂಫಿಸ್‌ನಿಂದ ದೂರವಿದ್ದುಕೊಂಡೇ ಅವರು ಮೊದಲು ‘ಸದರ್ನ್ ಹಾರರ್ಸ್’ ಎಂಬ ಕಿರುಹೊತ್ತಗೆಯನ್ನು, ಮೂರು ವರ್ಷದ ನಂತರ ‘ದಿ ರೆಡ್ ರೆಕಾರ್ಡ್’ ಅನ್ನು ತಂದರು. ಸಂಖ್ಯೆಗಳನ್ನು ಎಲ್ಲಿಂದ ತೆಗೆದುಕೊಂಡರು ಎಂಬುದನ್ನು ಗಮನಿಸಬೇಕು. ‘ಷಿಕಾಗೋ ಟ್ರಿಬ್ಯೂನ್’ ಎಂಬ ಬಿಳಿಯರ ಪತ್ರಿಕೆ ವರ್ಷಕ್ಕೊಮ್ಮೆ ಲಿಂಚಿಂಗ್‌ಗಳ ಪಟ್ಟಿ ಪ್ರಕಟಿಸುತ್ತಿತ್ತು. ಅದನ್ನೇ ಆಧಾರವಾಗಿ ಇಟ್ಟುಕೊಂಡರು. ಸ್ವತಃ ಊರೂರು ತಿರುಗಿ ಸಾಕ್ಷ್ಯ ಕಲೆಹಾಕಿದವರೇ ಆದರೂ ಮೊತ್ತಗಳಿಗೆ ಮಾತ್ರ ಎದುರಾಳಿಗಳು ಅಲ್ಲಗಳೆಯಲಾಗದ ಮೂಲವನ್ನು ಬಳಸಿದರು. ಪ್ರಾಥಮಿಕ ದತ್ತಾಂಶಕ್ಕಿಂತ ದ್ವಿತೀಯಕ ದತ್ತಾಂಶ ಕಡಿಮೆ ದರ್ಜೆಯದು ಎಂಬಂತೆ ನಾವು ಪಾಠ ಮಾಡುವ ರೂಢಿಯಿದೆ. ಕೆಲವೊಮ್ಮೆ ದ್ವಿತೀಯಕ ದತ್ತಾಂಶವೇ ಹೆಚ್ಚು ಗಟ್ಟಿ ಎನ್ನಲು ಈ ಪುಸ್ತಕ ಒಳ್ಳೆಯ ನಿದರ್ಶನ.

ಮೊದಲ ಅವಧಿ: 160

1892ರಲ್ಲಿ ಅಮೆರಿಕದಲ್ಲಿ ಹೀಗೆ ಕೊಲ್ಲಲ್ಪಟ್ಟವರು ಒಟ್ಟು 241. ಅವರಲ್ಲಿ ಕಪ್ಪು ಜನ 160. ಈ 160 ಮಂದಿಯ ಪಟ್ಟಿ ಪುಸ್ತಕದಲ್ಲಿದೆ. ಕನ್ನಡಕ್ಕೆ ತಂದು ಡ್ರಾಯಿಂಗ್ ಶೀಟಿನ ಮೇಲೆ ಬರೆದದ್ದು ಹೀಗೆ:

ಕೊಲೆ – 58
ಅತ್ಯಾಚಾರ – 46
ಅತ್ಯಾಚಾರ ಯತ್ನ – 11
ಗಲಭೆ – 3
ಜನಾಂಗ ದ್ವೇಷ – 6
ಕಾರಣ ಕೊಟ್ಟಿಲ್ಲ – 4
ಬೆಂಕಿ ಹಚ್ಚಿದ್ದು – 6
ದರೋಡೆ – 6
ದರೋಡೆಯ ಶಂಕೆ – 4
ಹಲ್ಲೆ – 1
ಕಳವು – 1
ಆತ್ಮರಕ್ಷಣೆ – 1
ಮಹಿಳೆಯರಿಗೆ ಅವಮಾನ – 2
ಪುಂಡರು – 6
ವಂಚನೆ – 1
ಕೊಲೆ ಯತ್ನ – 2
ಯಾವ ಅಪರಾಧವನ್ನೂ ಹೇಳಿಲ್ಲ (ಒಬ್ಬ ಹುಡುಗ, ಒಬ್ಬ ಹುಡುಗಿ) – 2

ಎರಡನೇ ಕಂಬಸಾಲಿಗೆ ‘ಆವೃತ್ತಿ’ ಎಂಬ ತಲೆಬರಹ ಕೊಟ್ಟೆ. ಮೊದಲ ಕಂಬಸಾಲಿನ ತಲೆಬರಹದ ಜಾಗವನ್ನು ಖಾಲಿ ಬಿಟ್ಟಿದ್ದೆ.

ಪೀಠಿಕೆಗೆ ಐದು ನಿಮಿಷ: ಯಾವ ದೇಶ, ಯಾವ ಕಾಲ, ಲಿಂಚಿಂಗ್ ಎಂದರೇನು, ಬರೆದವರು ಯಾರು. ಸಮಾಜ ವಿಜ್ಞಾನದಲ್ಲಿ ಅಬ್ರಹಾಂ ಲಿಂಕನ್ ಹೆಸರು ಕೇಳಿದ್ದರಿಂದ ಗುಲಾಮಗಿರಿ ರದ್ದಾದದ್ದು ಮಕ್ಕಳಿಗೆ ಗೊತ್ತಿತ್ತು. ರದ್ದಾಗಿ ಸುಮಾರು ಮೂವತ್ತು ವರ್ಷವಾದ ಮೇಲಿನ ಮಾತಿದು ಎಂದಾಗ ಕೆಲವರು ಹುಬ್ಬು ಏರಿಸಿದರು. ನಂತರ ಆಗಿನ ಚಾಲ್ತಿಯ ಹೇಳಿಕೆಯನ್ನು ಕಪ್ಪುಹಲಗೆಯ ಮೇಲೆ ಬರೆದೆ: ‘ಇವು ಹೆಚ್ಚಾಗಿ ಅತ್ಯಾಚಾರಕ್ಕೆ ಪ್ರತೀಕಾರವಾಗಿ ನಡೆದ ಕೊಲೆಗಳು.’ ಪಟ್ಟಿ ನೋಡಿ ಸರಿಯೋ ತಪ್ಪೋ ಹೇಳಬೇಕು.

ಗುಂಪುಗಳಲ್ಲಿ ಲೆಕ್ಕ ನಡೆಯಿತು. 46 ಮತ್ತು 11 ಕೂಡಿಸಿದರೆ 57. 160ಕ್ಕೆ 57 ಅಂದರೆ ಶೇ. 35.6. ಉಳಿದ 103 ಮಂದಿಯ, ಅಂದರೆ ಶೇ. 64ಕ್ಕಿಂತ ಹೆಚ್ಚು ಜನರ ಮೇಲೆ ಅಂಥ ಆರೋಪವೇ ಇರಲಿಲ್ಲ. ‘ಹೆಚ್ಚಾಗಿ’ ಎಂಬ ಪದ ಬಿದ್ದುಹೋಯಿತು. ಎಂಟನೇ ತರಗತಿಯಲ್ಲಿ ಕಲಿತ ವೃತ್ತ ನಕ್ಷೆಯನ್ನು ನೆನಪಿಸಲು ಮೂರು ಭಾಗ ಮಾಡಿಸಿದೆ: 57, 58 ಮತ್ತು ಉಳಿದ 45. ಕೋನಗಳು ಕ್ರಮವಾಗಿ 128.25, 130.5, 101.25 ಡಿಗ್ರಿ. ಕೋನಮಾಪಕದಲ್ಲಿ ಕಾಲು ಡಿಗ್ರಿ ಅಳೆಯಲಾಗುವುದಿಲ್ಲ, ಆದರೆ ಕೂಡಿದರೆ ಸರಿಯಾಗಿ 360 ಬರುವುದನ್ನು ನೋಡಿ ಅವರಿಗೆ ಖುಷಿಯಾಯಿತು. ಇಷ್ಟಕ್ಕೇ ನಿಲ್ಲಿಸಿದ್ದರೂ ಪಾಠಯೋಜನೆಯಲ್ಲಿ ಬರೆದ ಕಲಿಕಾಫಲಗಳು ಪೂರೈಸುತ್ತಿದ್ದವು.

ಖಾಲಿ ಜಾಗ

ಉಳಿದ ಹದಿನೈದು ನಿಮಿಷ ಖಾಲಿ ತಲೆಬರಹದ ಮೇಲೆ ಹೋಯಿತು. ‘ಇಲ್ಲಿ ಏನು ಬರೆಯೋಣ?’ ಎಂದು ಕೇಳಿದೆ. ಮೊದಲು ಬಂದ ಉತ್ತರ ‘ಅಪರಾಧ’. ಎರಡನೆಯದು ‘ಕಾರಣ’. ಬರೆದೆ, ಎರಡನ್ನೂ. ಒಂದೊಂದೇ ಸಾಲನ್ನು ಆ ತಲೆಬರಹದ ಕೆಳಗೆ ಇಟ್ಟು ಓದಿ ನೋಡಿ ಎಂದೆ.

‘ಮಿಸ್, ಆತ್ಮರಕ್ಷಣೆ ಮಾಡ್ಕೊಂಡ್ರೆ ಅದು ಅಪರಾಧನಾ?’ ಎಂದು ಹಿಂದಿನ ಬೆಂಚಿನಿಂದ ಒಬ್ಬಳು ಕೇಳಿದಳು. ಕಬಡ್ಡಿ ಆಡುವ ಹುಡುಗಿ, ಗಣಿತದ ಅವಧಿಯಲ್ಲಿ ಬಾಯಿ ಬಿಡುವುದು ಅಪರೂಪ. ಆಮೇಲೆ ‘ಜನಾಂಗ ದ್ವೇಷ – 6’ ಎಂಬ ಸಾಲು. ದ್ವೇಷ ಯಾರದು? ಸತ್ತವರದಂತೂ ಅಲ್ಲ. ಹಾಗಾದರೆ ಒಂದೇ ಕಂಬಸಾಲಿನಲ್ಲಿ ಕೆಲವು ಸಾಲು ಸತ್ತವರು ಮಾಡಿದರೆನ್ನಲಾದದ್ದನ್ನು, ಒಂದು ಸಾಲು ಕೊಂದವರ ಮನಸ್ಸಿನಲ್ಲಿದ್ದದ್ದನ್ನು ಹೇಳುತ್ತಿದೆ. ‘ಪುಂಡರು’ ಎಂಬುದು ಕೃತ್ಯವೇ ಅಲ್ಲ, ಒಬ್ಬರಿಗೆ ಹಚ್ಚಿದ ಹೆಸರು. ‘ದರೋಡೆಯ ಶಂಕೆ’ ಎಂದು ಬೇರೆಯಾಗಿ ಬರೆದಿದ್ದಾರೆಂದರೆ ‘ದರೋಡೆ’ ಎಂಬಲ್ಲಿ ಶಂಕೆಯೇ ಇರಲಿಲ್ಲವೇ? ವಿಚಾರಣೆಯಂತೂ ಎಲ್ಲಿಯೂ ನಡೆದಿಲ್ಲ. ನ್ಯಾಯಾಲಯದಲ್ಲಿ ಸಾಬೀತಾಗದ ಮೇಲೆ 58 ‘ಕೊಲೆ’ಗಳೂ ಆರೋಪಗಳೇ.

ಕೊನೆಗೆ ಒಬ್ಬ ಹುಡುಗ ‘ಕೊಂದವರು ಹೇಳಿದ ಕಾರಣ’ ಎಂದ. ಇನ್ನೊಬ್ಬಳು ಅದನ್ನೂ ತಿದ್ದಿದಳು: ‘ಕೊಂದವರು ಹೇಳಿದ್ದು ಅಂತ ಪೇಪರ್‌ನಲ್ಲಿ ಬಂದ ಕಾರಣ.’ ಉದ್ದವಾಯಿತು, ಕಂಬಸಾಲಿನಲ್ಲಿ ಹಿಡಿಸಲಿಲ್ಲ. ಅಕ್ಷರ ಸಣ್ಣದು ಮಾಡಿ ಎರಡು ಸಾಲಿನಲ್ಲಿ ಬರೆದೆವು. ವೆಲ್ಸ್ ಬಳಸಿದ ಪದದ ಅರ್ಥ ‘ಆರೋಪ’ ಎಂದು ಆಗ ತಿಳಿಸಿದೆ. ವರ್ಗೀಕರಣದ ಆಧಾರ ಏಕರೂಪವಾಗಿರಬೇಕು ಎಂದು ನಾವು ನೋಟ್ಸ್ ಬರೆಸುವ ಅಂಶವನ್ನು ಮಕ್ಕಳು ಹದಿನೇಳು ಸಾಲುಗಳಿಂದ ತಾವೇ ಹೆಕ್ಕಿ ತೆಗೆದಿದ್ದರು.

ಕೊನೆಯ ಸಾಲಿನ ಬಗ್ಗೆ ಹೇಳಬೇಕು. ಆ ಹುಡುಗಿಗೆ ಹದಿನಾಲ್ಕು ವರ್ಷ, ಹುಡುಗನಿಗೆ ಹದಿನಾರು. ಲೂಸಿಯಾನ ರಾಜ್ಯದ ಅಕ್ಕ-ತಮ್ಮನಲ್ಲ, ಅಣ್ಣ-ತಂಗಿ. ಕೊಲೆಯ ಆರೋಪವಿದ್ದದ್ದು ಅವರ ತಂದೆಯ ಮೇಲೆ. ಮಕ್ಕಳ ವಯಸ್ಸನ್ನು ಹೇಳಿದೆ, ಕೊಂದ ರೀತಿಯನ್ನು ಹೇಳಲಿಲ್ಲ. ನನ್ನ ಮುಂದೆ ಕುಳಿತವರಿಗೂ ಹದಿನಾಲ್ಕು, ಹದಿನೈದು. ತರಗತಿ ಸ್ವಲ್ಪ ಹೊತ್ತು ಸುಮ್ಮನಾಯಿತು. ಆ ಮೌನವನ್ನು ಪ್ರಶ್ನೆ ಕೇಳಿ ತುಂಬಬಾರದೆಂದು ಮೊದಲೇ ನಿರ್ಧರಿಸಿದ್ದೆ. ಸೂಕ್ಷ್ಮ ಬೋಧನೆಯಲ್ಲಿ ನಾವು ಅಭ್ಯಾಸ ಮಾಡುವ ಪ್ರಶ್ನಿಸುವ ಕೌಶಲಕ್ಕೆ ಎಷ್ಟು ಬೆಲೆಯಿದೆಯೋ ಕೇಳದೆ ನಿಲ್ಲುವುದಕ್ಕೂ ಅಷ್ಟೇ ಇದೆ, ಅದಕ್ಕೆ ಮೌಲ್ಯಮಾಪನ ಹಾಳೆಯಲ್ಲಿ ಕಾಲಂ ಇಲ್ಲ ಅಷ್ಟೆ.

‘ಅತ್ಯಾಚಾರ’ ಎಂಬ ಪದವನ್ನು ಬದಲಾಯಿಸಬಹುದಲ್ಲ ಎಂದು ಮಾರ್ಗದರ್ಶಕ ಶಿಕ್ಷಕರು ಮುಂಚೆಯೇ ಕೇಳಿದ್ದರು. ‘ದೌರ್ಜನ್ಯ’ ಎಂದರೆ ಸಾಕಲ್ಲವೇ? ಒಂಬತ್ತನೆಯ ತರಗತಿಯವರು ಈ ಪದವನ್ನು ದಿನಪತ್ರಿಕೆಯಲ್ಲಿ ಓದಿರುತ್ತಾರೆ, ಶಾಲೆಯಲ್ಲಿ ಪೋಕ್ಸೋ ಕಾಯ್ದೆಯ ತಿಳಿವಳಿಕೆ ಕಾರ್ಯಕ್ರಮವೂ ಆಗಿರುತ್ತದೆ. ಮೇಲಾಗಿ ಪದ ಮೆತ್ತಗಾದರೆ ಪಟ್ಟಿಯೇ ಬದಲಾಗುತ್ತದೆ, ಪರೀಕ್ಷಿಸಬೇಕಾದ ಹೇಳಿಕೆ ಇರುವುದೇ ಆ ಪದದ ಮೇಲೆ. ಉಳಿಸಿಕೊಂಡೆ, ಎರಡು ಸಲಕ್ಕಿಂತ ಹೆಚ್ಚು ಉಚ್ಚರಿಸಲಿಲ್ಲ. ಆದರೆ ಈ ಆರೋಪಗಳಲ್ಲಿ ಹಲವು ಎಷ್ಟು ಸುಳ್ಳಾಗಿದ್ದವು ಎಂದು ವೆಲ್ಸ್ ಒಂದೊಂದೇ ಪ್ರಕರಣ ಬಿಡಿಸಿ ತೋರಿಸುವ ಭಾಗವನ್ನು ತರಗತಿಗೆ ಒಯ್ಯಲಿಲ್ಲ. ಅದು ಶಿಕ್ಷಕರು ಓದಬೇಕಾದದ್ದು.

ಎರಡನೇ ಅವಧಿ: ಎರಡು ಶೇಕಡಾವಾರುಗಳು

1890ರ ಜನಗಣತಿಯ ಪ್ರಕಾರ ಅಮೆರಿಕದ ಜನಸಂಖ್ಯೆ ಸುಮಾರು 6.3 ಕೋಟಿ, ಅದರಲ್ಲಿ ಕಪ್ಪು ಜನ ಸುಮಾರು 75 ಲಕ್ಷ. ಶೇ. 12 ಎಂದು ಮಕ್ಕಳು ಕಂಡುಕೊಂಡರು. ಅದೇ ಗಣತಿಯಲ್ಲಿ ಜೈಲುಗಳಲ್ಲಿದ್ದವರ ಪೈಕಿ ಕಪ್ಪು ಜನ ಸುಮಾರು ಶೇ. 30. ಇದರಿಂದ ಏನು ತಿಳಿಯುತ್ತದೆ ಎಂದು ಕೇಳಿದಾಗ ಹೆಚ್ಚಿನವರು ತಡಮಾಡದೆ ‘ಅವರು ಜಾಸ್ತಿ ಅಪರಾಧ ಮಾಡ್ತಾರೆ’ ಎಂದರು. ನಿನ್ನೆ ಆತ್ಮರಕ್ಷಣೆಯ ಸಾಲಿಗೆ ಕೆರಳಿದ್ದ ಮಕ್ಕಳೇ ಇವರು. ಸಂಖ್ಯೆಯ ಒತ್ತಡ ಅಂಥದ್ದು.

ಇದೇ ತೀರ್ಮಾನಕ್ಕೆ ಬಂದ ದೊಡ್ಡವರೂ ಇದ್ದರು. ಪ್ರುಡೆನ್ಷಿಯಲ್ ವಿಮಾ ಕಂಪನಿಯಲ್ಲಿ ಸಂಖ್ಯಾಶಾಸ್ತ್ರಜ್ಞರಾಗಿದ್ದ ಫ್ರೆಡರಿಕ್ ಹಾಫ್‌ಮನ್ 1896ರಲ್ಲಿ, ಅಂದರೆ ವೆಲ್ಸ್ ಪುಸ್ತಕ ಬಂದ ಮರುವರ್ಷ, ಕಪ್ಪು ಜನರ ‘ಜನಾಂಗೀಯ ಗುಣ’ಗಳ ಬಗ್ಗೆ ಪಟ್ಟಿಗಳಿಂದ ತುಂಬಿದ ಪುಸ್ತಕವೊಂದನ್ನು ಪ್ರಕಟಿಸಿದರು. ರೋಗ, ಸಾವು, ಅಪರಾಧ ಎಲ್ಲಕ್ಕೂ ಕಾರಣ ಹುಟ್ಟುಗುಣ, ಈ ಜನಾಂಗ ಕ್ಷೀಣಿಸುತ್ತಿದೆ ಎಂಬುದು ಅವರ ವಾದ. ಲೆಕ್ಕದ ದೃಷ್ಟಿಯಿಂದ ನೋಡಿದರೆ ವೆಲ್ಸ್ ಅವರಿಗಿಂತ ಹಾಫ್‌ಮನ್ ಬಳಿ ಸಂಖ್ಯೆಗಳು ಹೆಚ್ಚಿದ್ದವು. 1900ರ ಜನಗಣತಿಯಲ್ಲಿ ಕಪ್ಪು ಜನರ ಸಂಖ್ಯೆ 88 ಲಕ್ಷಕ್ಕೆ ಏರಿತ್ತು.

ಮೊದಲ ಸಾಲಿನ ಕೆಳಗೆ ಎರಡನೆಯದನ್ನು ಬರೆದೆ. ಜನಸಂಖ್ಯೆಯಲ್ಲಿ ಶೇ. 12, ಜೈಲಿನಲ್ಲಿ ಶೇ. 30. ಜನಸಂಖ್ಯೆಯಲ್ಲಿ ಶೇ. 12, ಲಿಂಚಿಂಗ್‌ಗೆ ಬಲಿಯಾದವರಲ್ಲಿ (241ಕ್ಕೆ 160) ಶೇ. 66. ಎರಡೂ ಒಂದೇ ಬಗೆಯ ಹೋಲಿಕೆ. ಎರಡನ್ನೂ ಒಂದೇ ರೀತಿ ಓದಿ ಎಂದೆ. ಮುಂದಿನ ಬೆಂಚಿನ ಹುಡುಗನೊಬ್ಬ ನಗುತ್ತಲೇ ಕೇಳಿದ: ‘ಹಂಗಾದ್ರೆ ಎರಡನೇದಕ್ಕೆ, ಅವರಿಗೆ ಕೊಲ್ಲಿಸಿಕೊಳ್ಳೋ ಸ್ವಭಾವ ಜಾಸ್ತಿ ಅಂತ ಬರೀಬೇಕಾ ಮಿಸ್?’

ಈ ಪ್ರಶ್ನೆಯನ್ನು ನಾನು ಪಾಠಯೋಜನೆಯಲ್ಲಿ ಬರೆದುಕೊಂಡಿರಲಿಲ್ಲ, ಬರೆದುಕೊಳ್ಳಲು ಸಾಧ್ಯವೂ ಇರಲಿಲ್ಲ. ಅಲ್ಲಿಂದ ತರಗತಿ ತಾನಾಗಿಯೇ ಹಿಂದಕ್ಕೆ ಹೋಗಿ ಶೇ. 30 ಅನ್ನು ಮತ್ತೆ ನೋಡಿತು. ಜೈಲಿನಲ್ಲಿರುವವರ ಸಂಖ್ಯೆ ಎಂದರೆ ಅಪರಾಧಗಳ ಸಂಖ್ಯೆಯೇ? ಹಿಡಿಯುವವರು ಪೊಲೀಸರು, ಶಿಕ್ಷೆ ಕೊಡುವವರು ನ್ಯಾಯಾಧೀಶರು. ವಕೀಲರಿಗೆ ಕೊಡಲು ಹಣವಿದ್ದವರು ಹೊರಗುಳಿಯುತ್ತಾರೆ. ಆರು ತಿಂಗಳ ಶಿಕ್ಷೆಯವನು ಬೇಗ ಹೊರಬರುತ್ತಾನೆ, ಹತ್ತು ವರ್ಷದವನು ಪ್ರತಿ ಎಣಿಕೆಯಲ್ಲೂ ಸಿಗುತ್ತಾನೆ. ಈ ಕೊನೆಯ ಅಂಶವನ್ನು ನಾನು ಸೇರಿಸಿದೆ. ಉಳಿದವೆಲ್ಲ ಅವರವೇ. ಕಪ್ಪು ಜನರನ್ನು ಸಣ್ಣ ಕಾರಣಕ್ಕೂ ಬಂಧಿಸುತ್ತಾರೆ, ಶಿಕ್ಷೆಯೂ ಹೆಚ್ಚಿನ ಅವಧಿಯದು ಎಂದು ಡಬ್ಲ್ಯು.ಇ.ಬಿ. ಡುಬೋಯಿಸ್ 1899ರ ‘ದಿ ಫಿಲಡೆಲ್ಫಿಯಾ ನೀಗ್ರೋ’ ಪುಸ್ತಕದಲ್ಲಿ ಇದನ್ನೇ ಹೇಳಿದ್ದರು. ಆ ನಗರದ ಏಳನೇ ವಾರ್ಡಿನಲ್ಲಿ ಮನೆಮನೆಗೆ ಹೋಗಿ ಮಾಹಿತಿ ಕಲೆಹಾಕಿ ಬರೆದ ಪುಸ್ತಕವದು. ಪ್ರಾಥಮಿಕ ದತ್ತಾಂಶಕ್ಕೆ ಉದಾಹರಣೆ ಬೇಕಾದವರು ಅದನ್ನು ಬಳಸಬಹುದು.

ವಿಸ್ತರಣೆಯ ಹಂತಕ್ಕೆ ಇನ್ನೊಂದು ಚಿಕ್ಕ ಸಮಸ್ಯೆ ಕೊಟ್ಟೆ. ಟಸ್ಕೆಗೀ ಸಂಸ್ಥೆಯ ದಾಖಲೆಯಂತೆ 1882ರಿಂದ 1968ರವರೆಗೆ ಅಮೆರಿಕದಲ್ಲಿ ಲಿಂಚಿಂಗ್‌ಗೆ ಬಲಿಯಾದವರು 4,743, ಅವರಲ್ಲಿ ಕಪ್ಪು ಜನ 3,446. ‘ಜಸ್ಟ್ ಮರ್ಸಿ’ ಪುಸ್ತಕದ ಲೇಖಕ, ವಕೀಲ ಬ್ರಯಾನ್ ಸ್ಟೀವನ್‌ಸನ್ ಕಟ್ಟಿದ ಈಕ್ವಲ್ ಜಸ್ಟಿಸ್ ಇನಿಷಿಯೇಟಿವ್ ಸಂಸ್ಥೆ 2015ರ ವರದಿಯಲ್ಲಿ ಕೇವಲ ಹನ್ನೆರಡು ದಕ್ಷಿಣ ರಾಜ್ಯಗಳಲ್ಲಿ, 1877ರಿಂದ 1950ರೊಳಗೆ, 3,959 ಕಪ್ಪು ಜನರ ಹತ್ಯೆಗಳನ್ನು ದಾಖಲಿಸಿತು. ಇಡೀ ದೇಶದ್ದಕ್ಕಿಂತ ಹನ್ನೆರಡು ರಾಜ್ಯಗಳದ್ದು ಹೆಚ್ಚಾಗುವುದು ಹೇಗೆ? ವರ್ಷಗಳು ಬೇರೆ, ಹುಡುಕಿದ ಮೂಲಗಳು ಬೇರೆ, ಯಾವುದನ್ನು ಲಿಂಚಿಂಗ್ ಎಂದು ಎಣಿಸಬೇಕೆಂಬ ವ್ಯಾಖ್ಯೆಯೂ ಬೇರೆ. 1940ರಲ್ಲಿ ಟಸ್ಕೆಗೀಯಲ್ಲಿ ಸೇರಿದವರು ಒಪ್ಪಿದ ವ್ಯಾಖ್ಯೆಯಲ್ಲಿ ಕನಿಷ್ಠ ಮೂವರ ಗುಂಪು ಇರಬೇಕಿತ್ತು. ನಮ್ಮ ಭಾರತೀಯ ನ್ಯಾಯ ಸಂಹಿತೆಯ ಕಲಂ 103(2) ಜನಾಂಗ, ಜಾತಿ, ಭಾಷೆ ಮೊದಲಾದ ಕಾರಣಕ್ಕೆ ಗುಂಪು ಮಾಡುವ ಕೊಲೆಯ ಬಗ್ಗೆ ಹೇಳುವಾಗ ಐದು ಅಥವಾ ಹೆಚ್ಚು ಜನ ಎನ್ನುತ್ತದೆ. ನಾಲ್ವರು ಕೊಂದರೆ ಒಂದು ಪಟ್ಟಿಯಲ್ಲಿ ಎಣಿಕೆಗೆ ಬರುತ್ತದೆ, ಇನ್ನೊಂದರಲ್ಲಿ ಇಲ್ಲ. ಅಮೆರಿಕದಲ್ಲಿ ಲಿಂಚಿಂಗ್ ಅನ್ನು ಕೇಂದ್ರ ಕಾನೂನಿನಡಿ ಅಪರಾಧವೆಂದು ಸಾರುವ ಕಾಯ್ದೆಗೆ ಅಂಕಿತ ಬಿದ್ದದ್ದು 2022ರ ಮಾರ್ಚ್‌ನಲ್ಲಿ. ವೆಲ್ಸ್ ಪುಸ್ತಕ ಬಂದು ಎಷ್ಟು ವರ್ಷಕ್ಕೆ? ವ್ಯವಕಲನ ಮಾಡಿದ ಹುಡುಗಿ ಉತ್ತರವನ್ನು ಎರಡು ಸಲ ಪರೀಕ್ಷಿಸಿ 127 ಎಂದಳು.

ಮಕ್ಕಳು ಕೇಳಿದ್ದು

‘ನಮ್ಮಲ್ಲೂ ಹಿಂಗೆ ಆಗಿದೆಯಾ ಮಿಸ್?’ ಎಂಬ ಪ್ರಶ್ನೆ ಬರುತ್ತದೆಂದು ಗೊತ್ತಿತ್ತು. ಮಕ್ಕಳ ಕಳ್ಳರೆಂಬ ವಾಟ್ಸ್ಆ್ಯಪ್ ವದಂತಿಯಿಂದ 2018ರ ಜುಲೈನಲ್ಲಿ ಬೀದರ್ ಜಿಲ್ಲೆಯಲ್ಲಿ ದಾರಿಹೋಕ ಯುವಕನನ್ನು ಗುಂಪು ಕೊಂದ ಘಟನೆಯನ್ನು ಹೇಳಿದೆ. ಅದೇ ತಿಂಗಳು ಸುಪ್ರೀಂ ಕೋರ್ಟ್ ಗುಂಪು ಹತ್ಯೆ ತಡೆಯಲು ಸರ್ಕಾರಗಳಿಗೆ ನಿರ್ದೇಶನ ಕೊಟ್ಟದ್ದನ್ನೂ ತಿಳಿಸಿದೆ.

‘ಅಲ್ಲಿ ಬಣ್ಣ, ಇಲ್ಲಿ ಜಾತಿನಾ?’ ಎಂಬುದು ಇನ್ನೊಂದು. ಇದಕ್ಕೆ ನಾನು ಕೊಟ್ಟ ಉತ್ತರ ಚಿಕ್ಕದು: ಎರಡೂ ಒಂದೇ ಅಲ್ಲ, ಆದರೆ ಹೋಲಿಕೆ ಕಂಡವರು ನೀವೇ ಮೊದಲಿಗರಲ್ಲ. ಜೋತಿರಾವ್ ಫುಲೆ 1873ರಲ್ಲಿ ‘ಗುಲಾಮಗಿರಿ’ ಪುಸ್ತಕವನ್ನು ಅರ್ಪಿಸಿದ್ದು ನೀಗ್ರೋ ಗುಲಾಮಗಿರಿಯನ್ನು ಕೊನೆಗಾಣಿಸಲು ಶ್ರಮಿಸಿದ ಅಮೆರಿಕದ ಜನರಿಗೆ. ಅಂಬೇಡ್ಕರ್ 1946ರಲ್ಲಿ ಡುಬೋಯಿಸ್ ಅವರಿಗೆ ಪತ್ರ ಬರೆದಿದ್ದರು. ಇದಕ್ಕಿಂತ ಮುಂದೆ ಹೋಗಲಿಲ್ಲ, ಅದಕ್ಕೆ ಕಾರಣವಿದೆ. ತರಗತಿಯಲ್ಲಿ ಯಾರ ಹೆಸರಿನ ಮುಂದೆ ಯಾವ ಪ್ರವರ್ಗವಿದೆ ಎಂಬುದು ವಿದ್ಯಾರ್ಥಿವೇತನದ ಅರ್ಜಿ ತುಂಬುವ ದಿನ ಎಲ್ಲರಿಗೂ ಗೊತ್ತಾಗಿರುತ್ತದೆ. ‘ನಿಮ್ಮ ಅನುಭವ ಹೇಳಿ’ ಎಂದರೆ ಕಣ್ಣುಗಳು ಯಾರ ಕಡೆ ತಿರುಗುತ್ತವೆಂದು ಊಹಿಸುವುದು ಕಷ್ಟವಲ್ಲ. ಇದನ್ನು ಪ್ರಯೋಗಿಸುವ ಸಹಪಾಠಿಗಳಿಗೆ ನನ್ನ ಗಟ್ಟಿ ಸಲಹೆ: ಮಾದರಿಗೆಂದು ತರಗತಿಯಿಂದಲೇ ದತ್ತಾಂಶ ಸಂಗ್ರಹಿಸುವ ಅಭ್ಯಾಸ ಒಳ್ಳೆಯದು, ಆದರೆ ಈ ಪಾಠದ ಆಸುಪಾಸಿನಲ್ಲಿ ಜಾತಿ, ಧರ್ಮ, ಪೋಷಕರ ಕಸುಬು ಇವುಗಳನ್ನು ಮುಟ್ಟಬೇಡಿ. ಹೇಳಬೇಕೆನಿಸಿದ ಮಗು ತಾನಾಗಿ ಬಂದು ಹೇಳುತ್ತದೆ. ಒಬ್ಬರು ಬಂದರು, ಬಿಡುವಿನಲ್ಲಿ. ಆ ಮಾತು ಇಲ್ಲಿ ಬರೆಯುವಂಥದ್ದಲ್ಲ.

‘ಇದು ಸಮಾಜ ವಿಜ್ಞಾನದ ಪಾಠವಾಯಿತಲ್ಲವೇ?’ ಎಂದು ಪಾಠ ಅವಲೋಕನದ ಪುಸ್ತಕದಲ್ಲಿ ಮೇಲ್ವಿಚಾರಕರು ಬರೆದರು. ನ್ಯಾಯವಾದ ಪ್ರಶ್ನೆ. ನನ್ನ ವಾದ ಇಷ್ಟು: ಸಮಾಜ ವಿಜ್ಞಾನದವರು ಲಿಂಚಿಂಗ್ ಯಾಕೆ ನಡೆಯಿತು ಎಂದು ಕಲಿಸಬಲ್ಲರು. ಆದರೆ 57ನ್ನು 160ರಿಂದ ಭಾಗಿಸಿ ‘ಹೆಚ್ಚಾಗಿ’ ಎಂಬ ಪದವನ್ನು ಪರೀಕ್ಷಿಸುವುದು, ಛೇದದಲ್ಲಿ ಯಾರಿದ್ದಾರೆಂದು ಕೇಳುವುದು, ಎರಡು ಅನುಪಾತಗಳನ್ನು ಒಂದೇ ನಿಯಮದಿಂದ ಓದುವುದು ಗಣಿತದ ಅವಧಿಯ ಕೆಲಸ. ಆ ಅವಧಿಯಲ್ಲಿ ಆಗದಿದ್ದರೆ ಬೇರೆ ಯಾವ ಅವಧಿಯಲ್ಲೂ ಆಗುವುದಿಲ್ಲ. ಅವರ ಇನ್ನೊಂದು ಟಿಪ್ಪಣಿಯನ್ನು ಒಪ್ಪುತ್ತೇನೆ: ಹಿಸ್ಟೋಗ್ರಾಂ ಕಲಿಸಲು ಈ ಪಟ್ಟಿ ಬರುವುದಿಲ್ಲ. ವರ್ಗಾಂತರಗಳಿಲ್ಲದ ಗುಣಾತ್ಮಕ ದತ್ತಾಂಶವಿದು, ಸ್ತಂಭಾಲೇಖ ಮತ್ತು ವೃತ್ತ ನಕ್ಷೆಗಳಿಗೆ ಮಾತ್ರ ಸರಿ. ಹಿಸ್ಟೋಗ್ರಾಂಗೆ ನಮ್ಮ ಹಳೆಯ ಗೆಳೆಯ ‘ಎತ್ತರ (ಸೆಂ.ಮೀ.)’ ಇದ್ದೇ ಇದೆ.

ಗೃಹಪಾಠ: ದಿನಪತ್ರಿಕೆಯಿಂದ ಒಂದು ಪಟ್ಟಿ ಅಥವಾ ನಕ್ಷೆ ಕತ್ತರಿಸಿ ತಂದು, ಅದರ ತಲೆಬರಹವನ್ನು ಇನ್ನಷ್ಟು ನಿಖರವಾಗಿ ತಿದ್ದಿ ಬರೆಯುವುದು. ಅರ್ಧಕ್ಕಿಂತ ಹೆಚ್ಚು ಮಂದಿ ಕ್ರಿಕೆಟ್ ಪಟ್ಟಿ ತಂದರು, ಅಲ್ಲಿ ತಿದ್ದಲು ಏನೂ ಇರಲಿಲ್ಲ. ರಸ್ತೆ ಅಪಘಾತಗಳ ಪಟ್ಟಿ ತಂದವಳು ಕಬಡ್ಡಿಯ ಹುಡುಗಿ. ‘ಅಪಘಾತಕ್ಕೆ ಕಾರಣಗಳು’ ಎಂದಿದ್ದ ಕಡೆ, ಕೆಂಪು ಪೆನ್ನಿನಲ್ಲಿ, ‘ಪೊಲೀಸರು ಬರೆದುಕೊಂಡ ಕಾರಣಗಳು’ ಎಂದು ತಿದ್ದಿದ್ದಳು. ಕೆಳಗೆ ಒಂದು ಸಾಲು ಹೊಸದಾಗಿ ಸೇರಿಸಿದ್ದಳು: ‘ರಸ್ತೆ ಗುಂಡಿ’. ಅದರ ಮುಂದೆ ಆವೃತ್ತಿಯ ಜಾಗ ಖಾಲಿ ಬಿಟ್ಟಿದ್ದಳು.